ಹನ್ನೊಂದು ಸ್ಕೆಚ್ ಸೇರಿಸಿ ಒಂದು ಸಿನೆಮಾ: ಅರ್ಧ ಗಂಟೆಗೇ ಜನ ಮೊಬೈಲ್ ತೆಗೀತಾರೆ, ಎಲ್ಲಿ ತಪ್ಪಿದೆ?

ಅಪ್ಪೆಮಿಡಿ (ಶಿರಸಿ)

ನಾವು ಆರು ಜನ ಸೇರಿ ಮಾಡುತ್ತಿರುವ ಸಿನೆಮಾ. ಒಂದೇ ಕಥೆ ಅಲ್ಲ, ಬಿಡಿ ಬಿಡಿ ಹನ್ನೊಂದು ಸ್ಕೆಚ್. ಕಾಲೇಜು ಗ್ಯಾದರಿಂಗಿನ ಸ್ಕಿಟ್ಟು, ಫಿಶ್‌ಪಾಂಡು (ಚೀಟಿ ಓದಿ ಕಾಲೆಳೆಯುವುದು) ಇರುತ್ತದಲ್ಲ, ಆ ಧಾಟಿ. ದೊಡ್ಡವರು ಸಣ್ಣವರು ಅಂತ ನೋಡದ ತಮಾಷೆ. ಒಟ್ಟು 86 ನಿಮಿಷದ ಲೆಕ್ಕ. ಆರು ಶೂಟ್ ಆಗಿ ಎಡಿಟ್ ಆಗಿದೆ, ಐದು ಬಾಕಿ.

ಮುಖ್ಯವಾದವು ಇವು. "ಮಾಣಿ ಟೆಂಡರ್", 9 ನಿಮಿಷ: ಅಡಿಕೆ ಟೆಂಡರ್ ಆಗುವಲ್ಲಿ ಮದುವೆಯಾಗದ ಮಾಣಿಗಳನ್ನು (ಹುಡುಗರನ್ನು) ಸಾಲಾಗಿ ಕೂರಿಸಿದ್ದಾರೆ, ಕೂಸಿನ (ಹುಡುಗಿಯ) ಕಡೆಯವರು ದರ ಬರೆದು ಚೀಟಿ ಹಾಕುತ್ತಾರೆ. "ರಜೆ", 8 ನಿಮಿಷ: ನಾಳೆ ಮಳೆಗೆ ಡೀಸಿ ಶಾಲೆಗೆ ರಜೆ ಕೊಡುತ್ತಾರೋ ಇಲ್ಲವೋ ಎಂದು ಟಿವಿ ಚಾನೆಲ್ಲೊಂದು ಮತ ಎಣಿಕೆಯ ಹಾಗೆ ಲೈವ್ ಮಾಡುತ್ತದೆ. "ಬಂಗಡೆ ಸೂಚ್ಯಂಕ", 7 ನಿಮಿಷ: ಕಾರವಾರದ ಮೀನುಪೇಟೆಯ ಹೆಂಗಸು ಶೇರುಪೇಟೆ ತಜ್ಞೆಯ ಹಾಗೆ ಮಾತಾಡುತ್ತಾಳೆ. "ಕಿಟಕಿ ಸೀಟಿನ ಕಾಳಗ", 12 ನಿಮಿಷ, ಇನ್ನೂ ಶೂಟ್ ಆಗಿಲ್ಲ: ಶಿರಸಿ–ಕುಮಟಾ ಬಸ್ಸಿನ ಸೀಟು ಜಗಳ, ಯಕ್ಷಗಾನದ ಯುದ್ಧವಾಗಿ. ಉಳಿದವೆಲ್ಲ ಆರರಿಂದ ಎಂಟು ನಿಮಿಷದವು.

ಆದ ಆರನ್ನು ಇಪ್ಪತ್ತು ಜನರಿಗೆ ತೋರಿಸಿದ್ದಾಯಿತು. ಮೊದಲ ಮೂರಕ್ಕೆ ಚೆನ್ನಾಗಿ ನಗು. ಆಮೇಲೆ ಇಳೀತಾ ಹೋಗಿ, ಆರನೆಯದಕ್ಕೆ ಹಾಲ್‌ನಲ್ಲಿ ಫ್ಯಾನಿನ ಶಬ್ದ ಮಾತ್ರ. ಅನುಕ್ರಮ ತಿರುಗಿಸಿದರೆ ಸಾಕೋ, ಬೇರೆ ಏನಾದರೂ ಮಾಡಬೇಕೋ? ಬಸ್ಸಿನದ್ದು ಮಳೆಗಾಲದಲ್ಲಿ, ದೇವಿಮನೆ ಘಟ್ಟದಲ್ಲೇ ತೆಗೆಯಬೇಕೆಂದು ಇದೆ. ಅದಕ್ಕೂ ಸಲಹೆ ಬೇಕು.

ಚಂಡೆಪೆಟ್ಟು (ಯಲ್ಲಾಪುರ)

ಜೋಕು ಸಪ್ಪೆಯಾಗಿ ನಗು ಇಳಿದದ್ದಲ್ಲ. 9, 8, 7, 8, 7, 8: ಎಲ್ಲ ಒಂದೇ ಅಚ್ಚಿನ ಕೊಟ್ಟೆ ಕಡುಬು. ಮೂರನೆಯದು ಮುಗಿಯುವಷ್ಟರಲ್ಲಿ ನೋಡುವವನಿಗೆ ನಿಮ್ಮ ಲಯ ಬಾಯಿಪಾಠ. ಮೊದಲ ನಿಮಿಷದಲ್ಲಿ ತಮಾಷೆ ಏನೆಂದು ಗೊತ್ತಾಗುತ್ತದೆ, ಎಂಟನೆಯ ನಿಮಿಷದಲ್ಲಿ ಮುಗಿಯುತ್ತದೆ, ನಡುವೆ ಆರು ನಿಮಿಷ ರಜೆ. ಆ ರಜೆಯಲ್ಲೇ ಮೊಬೈಲ್ ಹೊರಗೆ ಬರುವುದು. ಅನುಕ್ರಮ ತಿರುಗಿಸಿ ಪ್ರಯೋಜನ ಇಲ್ಲ, ಅಳತೆ ಒಡೆಯಬೇಕು.

ಈ ಜಾತಿಯ ಸಿನೆಮಾಕ್ಕೆ ಈಗಲೂ ನೋಡಬೇಕಾದ ನಕ್ಷೆ 1977ರ 'ದಿ ಕೆಂಟಕಿ ಫ್ರೈಡ್ ಮೂವಿ'. ಸುಮಾರು 83 ನಿಮಿಷ. ನಕಲಿ ಜಾಹೀರಾತು, ನಕಲಿ ವಾರ್ತೆ, ನಕಲಿ ಟ್ರೇಲರು. ಕೆಲವು ಅರ್ಧ ನಿಮಿಷವೂ ಇಲ್ಲ. ನಡುವೆ ಮಾತ್ರ ಕುಂಗ್‌ಫು ಸಿನೆಮಾದ ಅಣಕ ಒಂದು, ಅರ್ಧ ಗಂಟೆಯ ಆಸುಪಾಸು. ಚುರುಕು ತುಣುಕುಗಳಿಂದ ಒಗ್ಗಿದ ಪ್ರೇಕ್ಷಕ ಅಲ್ಲಿ ಬೆನ್ನು ಒರಗಿಸಿ ಕೂರುತ್ತಾನೆ, ಮತ್ತೆ ಸಣ್ಣವು ಶುರು. ಬರೆದ ಮೂವರೂ ವಿಸ್ಕಾನ್ಸಿನ್‌ನ ಮ್ಯಾಡಿಸನ್‌ನಲ್ಲಿ ರಂಗದ ಮೇಲೆ ಇದನ್ನೇ ಆಡುತ್ತಿದ್ದವರು. ನಗು ಬಾರದ್ದು ಸ್ಟೇಜಿನ ಮೇಲೇ ಸತ್ತಿರುತ್ತಿತ್ತು, ಕ್ಯಾಮೆರಾವರೆಗೆ ಬರುತ್ತಲೇ ಇರಲಿಲ್ಲ. ದುಡ್ಡಿಗೆ ಕೂಡ ಹತ್ತು ನಿಮಿಷದ ಮಾದರಿ ತೆಗೆದು ಥಿಯೇಟರಿನವರಿಗೆ ತೋರಿಸಿದರು. ನಿಮ್ಮಲ್ಲಿ ಸದ್ಯ 47 ನಿಮಿಷದ ಮಾದರಿ ಇದೆ, ಅದೇ ತೊಂದರೆ.

"ಮಾಣಿ ಟೆಂಡರ್" ತೆಗೆದುಕೊಳ್ಳಿ. ಒಂದು ಸ್ಕೆಚ್ಚಿಗೆ ಒಂದೇ ಹುಚ್ಚು ಇರಬೇಕು, ಇಲ್ಲಿ ಇದೆ: ಮದುವೆ ಅಂದರೆ ಅಡಿಕೆ ವ್ಯಾಪಾರ. ಇನ್ನು ಪ್ರತಿ ಹೆಜ್ಜೆಯೂ ಅದೇ ಹುಚ್ಚನ್ನು ಒಂದು ಮೆಟ್ಟಿಲು ಮೇಲೆ ಒಯ್ಯಬೇಕು, ಪಕ್ಕಕ್ಕಲ್ಲ. ಮೊದಲು ಮಾಣಿಗಳ ಕುತ್ತಿಗೆಗೆ ಲಾಟ್ ನಂಬರಿನ ಚೀಟಿ. ಎರಡು, ಅಡಿಕೆಗಿರುವ ದರ್ಜೆ: ಒಬ್ಬ ರಾಶಿ, ಒಬ್ಬ ಬೆಟ್ಟೆ, ಒಬ್ಬ ಚಾಲಿ, ನಲವತ್ತು ದಾಟಿ ತಲೆ ನೆರೆತವ ಬಿಳೆಗೋಟು. ಮೂರು, ಅಡಿಕೆ ಒಡೆದು ಒಳಗೆ ನೋಡುವ ಹಾಗೆ ಬಾಯಿ ತೆರೆಸಿ ನೋಡುವುದು. ನಾಲ್ಕು, ಒಬ್ಬನಿಗೆ ಚೀಟಿಯೇ ಬೀಳುವುದಿಲ್ಲ. ಐದು, ಆಯಿ (ಅಮ್ಮ) ಅವನನ್ನು ಚೀಲದ ಹಾಗೆ ಎಬ್ಬಿಸಿಕೊಂಡು "ಮನೆಗೆ ಹೋಪನ, ಮುಂದಿನ ವರ್ಷ ದರ ಬತ್ತು" ಎನ್ನುವುದು. ಅಲ್ಲಿಗೆ ಕತ್ತರಿ. ಒಟ್ಟು ಮೂರೂವರೆ ನಿಮಿಷಕ್ಕಿಂತ ಹೆಚ್ಚು ಬೇಡ. ನಿಮ್ಮ 9 ನಿಮಿಷದಲ್ಲಿ ಉಳಿದದ್ದು ಏನಿದೆ ಎಂದು ನೋಡದೆಯೇ ಹೇಳಬಹುದು: ತೋಟ ಇರುವ ಮಾಣಿಗೆ ಕೂಸು ಸಿಗುವುದಿಲ್ಲ ಎಂದು ಯಾರೋ ಯಾರಿಗೋ ವಿವರಿಸುತ್ತಿರುತ್ತಾರೆ. ಶಿರಸಿ ಸೀಮೆಯಲ್ಲಿ ಅದನ್ನು ವಿವರಿಸಬೇಕೇ? ಹೊರಗಿನವನಿಗೂ ಲಾಟ್ ನಂಬರು ಕಂಡ ಕೂಡಲೇ ಅರ್ಥ ಆಗುತ್ತದೆ.

ಮುಕ್ತಾಯದ ವಿಷಯ. ಪ್ರತಿ ಸ್ಕೆಚ್ಚಿಗೂ ಕೊನೆಯ ಪಂಚ್ ಹುಡುಕಲು ಹೋಗಬೇಡಿ. ಮಾಂಟಿ ಪೈಥಾನ್‌ನವರು ಆ ಚಟವನ್ನೇ ಬಿಟ್ಟರು: ತಮಾಷೆ ತುದಿ ಮುಟ್ಟಿದ ಕೂಡಲೇ ಮಿಲಿಟರಿ ಕರ್ನಲ್ಲನೊಬ್ಬ ಬಂದು "ಇದು ತೀರಾ ಹುಚ್ಚಾಟ" ಎಂದು ನಿಲ್ಲಿಸುತ್ತಾನೆ, ಇಲ್ಲವೇ ಟೆರ್ರಿ ಗಿಲಿಯಮ್‌ನ ಕತ್ತರಿಚಿತ್ರದ ಕಾಲೊಂದು ಬಂದು ತುಳಿಯುತ್ತದೆ. ನಿಮಗೆ ಆ ಕರ್ನಲ್ ಈಗಾಗಲೇ ಸಿಕ್ಕಿದ್ದಾನೆ, ಹೆಸರು "ರಜೆ". ಅದನ್ನು ಒಂದು ಸ್ಕೆಚ್ಚಾಗಿ ಇಡಬೇಡಿ, ಏಳು ಚೂರು ಮಾಡಿ. ಮೊದಲ ಚೂರು 50 ಸೆಕೆಂಡು: ಸ್ಟುಡಿಯೊ, ಜಿಲ್ಲೆಯ ನಕ್ಷೆ, ಹನ್ನೆರಡು ತಾಲೂಕು, "ಸಿದ್ದಾಪುರ ಮುನ್ನಡೆ, ಹಳಿಯಾಳ ಹಿನ್ನಡೆ". ನಡುವಿನ ಐದು 15ರಿಂದ 20 ಸೆಕೆಂಡು, ಮುಕ್ತಾಯ ಸಿಗದ ಸ್ಕೆಚ್ಚನ್ನು ಮಾತಿನ ಮಧ್ಯದಲ್ಲೇ ಕತ್ತರಿಸಿ ಬ್ರೇಕಿಂಗ್ ನ್ಯೂಸ್ ನುಗ್ಗಿಸಲು. ಒಂದರಲ್ಲಿ ವರದಿಗಾರ ಹೊಳೆ ಪಕ್ಕ ಕೊಡೆ ಹಿಡಿದು ಮಳೆಯ "ಮನದಾಳ" ಹೇಳಲಿ. ಕೊನೆಯ ಚೂರು ಸಿನೆಮಾದ ಕೊನೆಗೆ: ರಜೆ ಘೋಷಣೆ ಆಗುತ್ತದೆ, ಗಡಿಯಾರ 10.15, ಮಕ್ಕಳು ಒದ್ದೆ ಚಡ್ಡಿಯಲ್ಲಿ ಕ್ಲಾಸಿನಲ್ಲಿ ಕೂತಾಗಿದೆ. ಸ್ಕೆಚ್ಚುಗಳನ್ನು ಜೋಡಿಸುವ ಸಂಕೋಲೆ ಕಥೆ ಬೇರೆ ಬರೆಯಬೇಕಿಲ್ಲ. ಹೊಸ ಶೂಟಿಂಗೂ ಹೆಚ್ಚಿಲ್ಲ, ಸ್ಟುಡಿಯೊ ಹಿನ್ನೆಲೆ ಒಂದೇ.

ಅನುಕ್ರಮ: ಅತ್ಯುತ್ತಮವಾದದ್ದನ್ನು ಮೊದಲಿಗೆ ಇಡಬೇಡಿ, ಎರಡನೆಯದಾಗಿ ಇಡಿ. ಮೊದಲನೆಯದು ಒಂದೂವರೆ ನಿಮಿಷದೊಳಗಿನ ಚುರುಕು ತುಣುಕು. ಹಾಲ್‌ನಲ್ಲಿ ಜನ ಇನ್ನೂ ಚಪ್ಪಲಿ ಸರಿಸುತ್ತ ಕೂರುತ್ತಿರುತ್ತಾರೆ, ಅಲ್ಲಿ ಒಳ್ಳೆಯ ಮಾತು ಹಾಳಾಗುತ್ತದೆ. ಇಬ್ಬರು ಮೇಜಿನ ಆಚೆ ಈಚೆ ಕೂತು ಮಾತಾಡುವ ಎರಡು ಸ್ಕೆಚ್ ಒಂದರ ಹಿಂದೊಂದು ಬರಬಾರದು. ಒಟ್ಟು 65–70 ನಿಮಿಷಕ್ಕೆ ಇಳಿಸಿ. ಸರಿಹೊಂದದ ಒಂದು ಕೊನೆಗೂ ಉಳಿದರೆ ಅದನ್ನು ಹೊರಗೆ ಹಾಕಿ: 1983ರ 'ದಿ ಮೀನಿಂಗ್ ಆಫ್ ಲೈಫ್'ನಲ್ಲಿ ಗಿಲಿಯಮ್‌ನ ಭಾಗ ಬೆಳೆದು ಬೆಳೆದು ಉಳಿದದ್ದರ ಲಯಕ್ಕೆ ಹೊಂದಲಿಲ್ಲ, ಅದನ್ನು ಪ್ರತ್ಯೇಕ ಕಿರುಚಿತ್ರ ಮಾಡಿ ಮುಖ್ಯ ಸಿನೆಮಾದ ಮುಂಚೆ ಅಂಟಿಸಿದರು, ಅದೇ ಮತ್ತೆ ನಡುವೆ ಬಂದು ಮುಖ್ಯ ಸಿನೆಮಾದ ಮೇಲೆ ದಾಳಿ ಮಾಡುತ್ತದೆ. ಅವರ ಅಡಚಣೆಯೇ ಜೋಕಾಯಿತು.

ಬೈತಖೋಲ್ ಬೋಟು (ಕಾರವಾರ)

ಬರವಣಿಗೆ ಮೇಲಿನವರು ನೋಡಿಕೊಂಡರು. ನಾನು ಬಸ್ಸಿಗೆ ಬರುತ್ತೇನೆ.

ದೇವಿಮನೆ ಘಟ್ಟದಲ್ಲಿ ಓಡುವ ಬಸ್ಸಿನೊಳಗೆ ಹನ್ನೆರಡು ನಿಮಿಷದ ಜಗಳ ತೆಗೆಯುವುದು ಆಗದ ಮಾತು. ತಿರುವಿಗೊಮ್ಮೆ ಬೆಳಕು ಬದಲು, ಎಂಜಿನ್ ಶಬ್ದದಲ್ಲಿ ಮಾತು ಕೇಳುವುದಿಲ್ಲ, ಎರಡನೇ ಟೇಕಿಗೆ ಕಲಾವಿದರಲ್ಲಿ ಇಬ್ಬರು ವಾಂತಿ. ಸಾರಿಗೆ ಸಂಸ್ಥೆ ಬಸ್ಸಿಗೆ ಅನುಮತಿ, ಬಾಡಿಗೆ ಬೇರೆ. ಖಾಸಗಿ ಬಸ್ಸೊಂದನ್ನು ಬಯಲಲ್ಲಿ ನಿಲ್ಲಿಸಿ, ಚಕ್ರಕ್ಕೆ ಅಡ್ಡಗಲ್ಲು ಕೊಟ್ಟು, ರಾತ್ರಿ ತೆಗೆಯಿರಿ. ಹೊರಗೆ ಕತ್ತಲಿದ್ದರೆ ಘಟ್ಟ ಯಾವುದು ಗದ್ದೆ ಯಾವುದು ಎಂದು ಕಾಣುವುದಿಲ್ಲ.

ಓಡುತ್ತಿದೆ ಎಂದು ನಂಬಿಸುವುದು ಮೂರು ಸಂಗತಿ. ಬೆಳಕು: ಎರಡು ಎಲ್‌ಇಡಿ ಲೈಟನ್ನು ಬಿದಿರಿನ ಗಳಕ್ಕೆ ಕಟ್ಟಿ, ಇಬ್ಬರು ಬಸ್ಸಿನ ಮುಂದಿನಿಂದ ಹಿಂದಕ್ಕೆ ಕಿಟಕಿ ಪಕ್ಕ ನಡೆಯಬೇಕು, ಮಧ್ಯೆ ಅಡಿಕೆ ಸೋಗೆ ಹಿಡಿದು ನೆರಳು ಓಡಿಸಬೇಕು. ಒಂದೇ ಅಂತರದಲ್ಲಿ ಹೋದರೆ ಪೇಟೆಯ ಬೀದಿದೀಪ ಅನ್ನಿಸುತ್ತದೆ, ಘಟ್ಟ ಅನ್ನಿಸುವುದಿಲ್ಲ, ಹೆಚ್ಚುಕಡಿಮೆ ಇರಲಿ. ಮಳೆ: ತೋಟಕ್ಕೆ ಮದ್ದು ಹೊಡೆಯುವ ಪಂಪೇ ಸಾಕು, ಮುಂದಿನಿಂದ ಓರೆಯಾಗಿ ಗಾಜಿಗೆ ಬೀಳಬೇಕು, ಹನಿ ಹಿಂದಕ್ಕೆ ಹರಿಯಬೇಕು. ಪಂಪು, ಪೈಪು ಚೆನ್ನಾಗಿ ತೊಳೆದುಕೊಳ್ಳಿ, ಇಲ್ಲದಿದ್ದರೆ ಮೈಲುತುತ್ತ–ಸುಣ್ಣದ ಕಲೆ ಗಾಜಿನ ಮೇಲೆ ಕೂತು ಎಲ್ಲ ಶಾಟಿನಲ್ಲೂ ನೀಲಿ ಚುಕ್ಕೆ. ಮಳೆ ಕಾಣಬೇಕಾದರೆ ಬೆಳಕು ಹನಿಯ ಹಿಂದಿನಿಂದ ಬರಬೇಕು, ಹಿನ್ನೆಲೆ ಕಪ್ಪಿರಬೇಕು. ಎದುರಿನಿಂದ ಲೈಟು ಹಾಕಿದರೆ ನಿಜವಾದ ಜುಲೈ ಮಳೆಯೂ ಕ್ಯಾಮೆರಾದಲ್ಲಿ ಕಾಣುವುದಿಲ್ಲ.

ಮೂರನೆಯದು ಓಲಾಟ. ಬಸ್ಸು ಅಲ್ಲಾಡಿಸಲು ತೊಲೆ ಕೊಟ್ಟು ಎಬ್ಬುವ ಸಾಹಸ ಬೇಡ. ಒಬ್ಬ ಹೊರಗಿನಿಂದ "ಎಡ ತಿರುವು", "ಬಲ ತಿರುವು", "ಬ್ರೇಕು" ಎಂದು ಕೂಗಲಿ, ಒಳಗಿದ್ದವರೆಲ್ಲ ಒಟ್ಟಿಗೆ ಓಲಲಿ. ಎಲ್ಲರೂ ಮಾಡುವ ತಪ್ಪು: ಎಡ ಅಂದ ಕೂಡಲೇ ಎಡಕ್ಕೆ ಬಾಗುವುದು. ಬಸ್ಸು ಎಡಕ್ಕೆ ತಿರುಗಿದರೆ ಮೈ ಬಲಕ್ಕೆ ಹೋಗಬೇಕು. ಒಬ್ಬನೇ ಒಬ್ಬ ಉಲ್ಟಾ ಓಲಿದರೂ ಸುಳ್ಳು ಸಿಕ್ಕಿಬೀಳುತ್ತದೆ. ಕೂಗಿದ ಶಬ್ದ ಮಾತಿನ ಮೇಲೆ ಬೀಳದ ಹಾಗೆ ಟಾರ್ಚಿನ ಸನ್ನೆ ಮಾಡಿದರೆ ಇನ್ನೂ ಒಳ್ಳೆಯದು.

ಕ್ಯಾಮೆರಾ 24 ಫ್ರೇಮಿಗೆ ಇಟ್ಟು ಶಟರು 1/50. ನಮ್ಮ ಕರೆಂಟು 50 ಹರ್ಟ್ಜ್. 1/60 ಇಟ್ಟರೆ ಹಳೆ ಟ್ಯೂಬ್‌ಲೈಟಿನ ಕೆಳಗೆ ಪಟ್ಟೆ ಓಡುತ್ತದೆ. ಮೊಬೈಲಿನಲ್ಲಿ ತೆಗೆದದ್ದಿದ್ದರೆ ಫ್ರೇಮ್ ರೇಟ್ ಏರಿಳಿಯುತ್ತಿರುತ್ತದೆ, ಐದಾರು ನಿಮಿಷದ ಶಾಟಿನಲ್ಲಿ ಬೇರೆ ರೆಕಾರ್ಡರಿನ ಧ್ವನಿ ತುಟಿಗೆ ಹೊಂದದೆ ಜಾರುತ್ತದೆ. ಎಡಿಟಿಗೆ ಹಾಕುವ ಮೊದಲೇ ಹ್ಯಾಂಡ್‌ಬ್ರೇಕ್ ಎಂಬ ತಂತ್ರಾಂಶದಲ್ಲಿ ಸ್ಥಿರ ಫ್ರೇಮ್ ರೇಟಿಗೆ ಬದಲಿಸಿಕೊಳ್ಳಿ.

ಹಾಸ್ಯದಲ್ಲಿ ಅರ್ಧ ನಗು ಕೇಳಿಸಿಕೊಳ್ಳುವವನ ಮುಖದ ಮೇಲೆ ಇರುತ್ತದೆ. ಹಾಗಾಗಿ ಇಬ್ಬರನ್ನೂ ಒಂದೇ ಫ್ರೇಮಿನಲ್ಲಿ ಇಟ್ಟ ಶಾಟು ಪೂರ್ತಿ ಒಂದು ಸಲ ತೆಗೆದಿಡಿ, ಕ್ಲೋಸಪ್ಪು ಆಮೇಲೆ. ಮಾತಿನ ಮೇಲೆ ಮಾತು ಬೀಳುವುದೇನಿದ್ದರೂ ಆ ಅಗಲ ಶಾಟಿನಲ್ಲಿ. ಕ್ಲೋಸಪ್ಪಿನಲ್ಲಿ ಒಬ್ಬರು ಮುಗಿಸಿದ ಮೇಲೆ ಇನ್ನೊಬ್ಬರು, ಇಲ್ಲವಾದರೆ ಕತ್ತರಿಸಲು ಜಾಗವೇ ಸಿಗುವುದಿಲ್ಲ.

ಶಬ್ದ. ತಗಡಿನ ಮಾಡಿನ ಕೆಳಗೆ ಮಳೆಗಾಲದಲ್ಲಿ ಏನೂ ತೆಗೆಯಬೇಡಿ, ಹಂಚಿನ ಮನೆ ಹುಡುಕಿ. ಡಬ್ಬಿಂಗ್ ಮಾಡಿದರಾಯಿತು ಎನ್ನುವವರ ಮಾತು ಕೇಳಬೇಡಿ. ತಿಂಗಳ ಮೇಲೆ ಮೈಕಿನ ಮುಂದೆ ಅದೇ ತುಂಟತನ ಬರುವುದಿಲ್ಲ. ಟೇಕು ಹಾಳಾಯಿತು ಅನ್ನಿಸಿದರೆ ಅದೇ ಜಾಗದಲ್ಲಿ, ಅದೇ ಬಿಸಿಯಲ್ಲಿ, ಕ್ಯಾಮೆರಾ ಇಲ್ಲದೆ ಮಾತು ಮಾತ್ರ ಮತ್ತೊಮ್ಮೆ ಹಿಡಿಯಿರಿ. ಪ್ರತಿ ಜಾಗದಲ್ಲೂ 30 ಸೆಕೆಂಡು ಬರಿಯ ಮೌನವನ್ನೂ ರೆಕಾರ್ಡ್ ಮಾಡಿಡಿ. ಮೀಟರಿನಲ್ಲಿ ಮಾತಿನ ತುದಿ ಮೈನಸ್ 12 ಡೆಸಿಬೆಲ್‌ನ ಹತ್ತಿರ ಇರಲಿ: ಹಾಸ್ಯದಲ್ಲಿ ಪಿಸುಮಾತಿನಿಂದ ಕಿರುಚಾಟಕ್ಕೆ ಒಂದೇ ಹಾರಿಕೆ.

ಮೀನಿನ ಸ್ಕೆಚ್ಚು ಬಂದರಿನಲ್ಲಿ ತೆಗೆಯುವುದಾದರೆ ಬೆಳಿಗ್ಗೆ ಹತ್ತರ ಒಳಗೆ ಮುಗಿಸಿ. ಆಮೇಲೆ ಕಡಲ ಗಾಳಿ ಏಳುತ್ತದೆ, ಮೈಕಿಗೆ ತುಪ್ಪಳದ ಟೊಪ್ಪಿ ಹಾಕಿ 80–100 ಹರ್ಟ್ಜ್ ಕೆಳಗಿನದನ್ನು ಕತ್ತರಿಸಿದರೂ ಗುಂಯ್ ಎನ್ನುವುದು ಉಳಿಯುತ್ತದೆ. ಜೂನ್ 1ರಿಂದ ಜುಲೈ 31ರವರೆಗೆ ಯಾಂತ್ರಿಕ ಬೋಟಿಗೆ ನಿಷೇಧ. ಬೈತಖೋಲದಲ್ಲಿ ಬೋಟು ಸಾಲಾಗಿ ನಿಂತಿರುತ್ತವೆ, ಎಂಜಿನ್ ಸದ್ದಿಲ್ಲ, ಆದರೆ ಮೀನೂ ಇಲ್ಲ. ಬಂಗಡೆ ರಾಶಿ ಬೇಕಾದರೆ ಬೇರೆ ತಿಂಗಳು. ಕಾರವಾರದಲ್ಲಿ ಡ್ರೋನ್ ಮಾತ್ರ ಎತ್ತಬೇಡಿ, ನೌಕಾನೆಲೆ ಪಕ್ಕದಲ್ಲೇ ಇದೆ.

ಹಾಳೆಟೋಪಿ (ಹೊನ್ನಾವರ)

ಚಂಡೆಪೆಟ್ಟು ಅವರ ಮಾತಿಗೆ ಒಂದು ತಕರಾರು. ಕೆಂಟಕಿಯದನ್ನು ನಕ್ಷೆಗಷ್ಟೇ ನೋಡಿ. ಅದರ ತಮಾಷೆಯಲ್ಲಿ ಬಹಳಷ್ಟು ಬಟ್ಟೆ ಬಿಚ್ಚಿಸಿ ನಗಿಸುವುದು, ಇವತ್ತು ಹಳಸಿದೆ. ಮರ್ಯಾದೆಗೆಟ್ಟದ್ದೆಲ್ಲ ನಗು ತರುತ್ತದೆ ಎಂದು ನಂಬಿ ಕೆಟ್ಟದ್ದಕ್ಕೆ 2013ರ 'ಮೂವಿ 43' ಸಾಕ್ಷಿ. ದೊಡ್ಡ ದೊಡ್ಡ ತಾರೆಯರು, ಹತ್ತಾರು ನಿರ್ದೇಶಕರು, ಕೊನೆಗೆ ಆ ವರ್ಷದ ಅತಿ ಕೆಟ್ಟ ಚಿತ್ರದ ರ‍್ಯಾಜಿ ಪ್ರಶಸ್ತಿ. ಅಲ್ಲಿ ಒಂದೊಂದು ಸ್ಕೆಚ್ಚೂ ಒಂದು ಅಸಹ್ಯ ತೋರಿಸಿ ಅದನ್ನೇ ಎಳೆಯುತ್ತದೆ, ಮೆಟ್ಟಿಲೇ ಇಲ್ಲ. ಸಂಕೋಲೆ ಕಥೆಯೂ ಅಮೆರಿಕಕ್ಕೆ ಒಂದು, ಬ್ರಿಟನ್ನಿಗೆ ಇನ್ನೊಂದು; ಬದಲಾಯಿಸಿದರೂ ಏನೂ ವ್ಯತ್ಯಾಸ ಆಗದ ಸಂಕೋಲೆ ಎಂಥ ಸಂಕೋಲೆ?

ಈಗ ಯಕ್ಷಗಾನದ್ದು. ಹಾಸ್ಯಗಾರ ರಾಜನ ಎದುರೇ ರಾಜನ ಕಾಲೆಳೆಯುವ ರಂಗ ನಮ್ಮದು, ಹಾಗಾಗಿ ಅಣಕಕ್ಕೆ ಯಾರೂ ಬೇಡ ಎನ್ನುವುದಿಲ್ಲ. ಆದರೆ ಕುಣಿತ ತಪ್ಪಿದರೆ ಹೊನ್ನಾವರದಿಂದ ಸಿದ್ದಾಪುರದವರೆಗೆ ಒಬ್ಬರೂ ಬಿಡುವುದಿಲ್ಲ. ಅಣಕದ ಗುಟ್ಟೇ ಅದು: ರೂಪ ಶುದ್ಧ ಇರಬೇಕು, ವಿಷಯ ಮಾತ್ರ ಅಸಂಬದ್ಧ. ಕೆಂಟಕಿ ಬರೆದ ಮೂವರೇ 1980ರಲ್ಲಿ 'ಏರ್‌ಪ್ಲೇನ್!' ಮಾಡುವಾಗ 1957ರ ಗಂಭೀರ ವಿಮಾನ ಸಿನೆಮಾ ಒಂದರ ಹಕ್ಕನ್ನೇ ಕೊಂಡು, ಅದರ ಎಷ್ಟೋ ಮಾತನ್ನು ಹಾಗೇ ಉಳಿಸಿದರು. ಲೆಸ್ಲಿ ನೀಲ್ಸನ್, ರಾಬರ್ಟ್ ಸ್ಟ್ಯಾಕ್‌ರಂಥ ಗಂಭೀರ ಪಾತ್ರಗಳ ನಟರನ್ನು ಹಾಕಿ, ಒಂದು ಕಡೆಯೂ ನಗದೆ ಆಡಿಸಿದರು.

ಹಾಗಾಗಿ ನಿಜವಾದ ಭಾಗವತರು, ನಿಜವಾದ ಚಂಡೆ–ಮದ್ದಲೆ, ಕುಣಿತ ಕಲಿತ ಇಬ್ಬರು ವೇಷಧಾರಿಗಳು. ಕಂಡಕ್ಟರಿಗೆ ಒಡ್ಡೋಲಗ (ಪಾತ್ರದ ಮೊದಲ ಪ್ರವೇಶದ ಕುಣಿತ) ಕೊಡಿ: ಇಬ್ಬರು ಪ್ರಯಾಣಿಕರು ಕಂಬಳಿಯನ್ನು ತೆರೆಯಾಗಿ ಹಿಡಿದಿದ್ದಾರೆ, ಮೇಲಿಂದ ಮುಂಡಾಸು, ಕೆಳಗಿಂದ ಗೆಜ್ಜೆ ಕಾಲು ಮಾತ್ರ ಕಾಣುತ್ತದೆ, ತೆರೆ ಸರಿದರೆ ಟಿಕೆಟ್ ಮಷೀನು. ಭಾಗವತರು "ಬಂದವನಾರೈ" ಎಂಬ ಧಾಟಿಯಲ್ಲೇ "ಚಿಲ್ಲರೆ ಇದೆಯೇನೈ" ಹಾಡಲಿ. ಕರವಸ್ತ್ರ ಹಾಕಿ ಸೀಟು ಹಿಡಿದವನಿಗೂ ಕಿಟಕಿಯಿಂದ ಚೀಲ ತೂರಿಸಿದವನಿಗೂ ಪೂರ್ತಿ ಅರ್ಥಗಾರಿಕೆಯ ವಾದ ನಡೆಯಲಿ: ಕರವಸ್ತ್ರಕ್ಕೆ ಶಾಸ್ತ್ರದ ಆಧಾರ ಏನು? ಆಮೇಲೆ ಏರುಪದ (ಏರುದನಿಯ ಹಾಡು), ಯುದ್ಧ. ಇದು ಹನ್ನೆರಡಲ್ಲ, ಹದಿನೆಂಟು ನಿಮಿಷ ತಾಳುತ್ತದೆ. ಚಂಡೆಪೆಟ್ಟು ಹೇಳಿದ ನಡುವಿನ ಉದ್ದ ತುಣುಕು ಇದೇ.

ಎಡವುವ ಜಾಗ ಎರಡು. ಬಡಗುತಿಟ್ಟು ಯಕ್ಷಗಾನದ ಮುಂಡಾಸು ಕಟ್ಟಿ ನಿಂತರೆ ಬಸ್ಸಿನ ಲಗೇಜ್ ಕ್ಯಾರಿಯರಿಗೆ ತಾಗುತ್ತದೆ. ಮೊದಲೇ ಅಳೆದು ನೋಡಿ, ಇಲ್ಲವಾದರೆ ಬಾಗಿಕೊಂಡೇ ಆರ್ಭಟಿಸುವುದನ್ನು ತಮಾಷೆಯಾಗಿ ಬಳಸಿ. ಗೆಜ್ಜೆ, ಎದೆಕಟ್ಟು ಸದ್ದು ಮಾಡಿ ಎದೆಯ ಮೈಕಿನಲ್ಲಿ ಮಾತು ನುಂಗುತ್ತದೆ. ಮೈಕನ್ನು ಮುಂಡಾಸಿನ ಮುಂದಿನ ಅಂಚಿಗೆ ಸಿಕ್ಕಿಸಿ, ಕ್ಲೋಸಪ್ಪಿನಲ್ಲಿ ಗೆಜ್ಜೆ ಬಿಚ್ಚಿಸಿ, ಗೆಜ್ಜೆಯ ಸದ್ದು ಬೇರೆ ಹಿಡಿಯಿರಿ.

ಬಂಗಡೆ ಸ್ಕೆಚ್ಚಿನಲ್ಲಿ ಒಂದು ಪರೀಕ್ಷೆ ಮಾಡಿ. ಆಕೆಯ ಕೊಂಕಣಿ ಎಳೆತವನ್ನು ತೆಗೆದು ಓದಿ; ಜೋಕು ಉಳಿದರೆ ಸರಿ. ಆಕೆ ಸ್ಟುಡಿಯೊದ ಕೋಟಿನವನಿಗಿಂತ ಚುರುಕಾಗಿ ಲೆಕ್ಕ ಹಾಕುತ್ತಾಳೆ, ತಾರ್ಲೆ ಮೀನಿನ ದರ ಇಳಿದದ್ದಕ್ಕೆ ಬಂಗಡೆ ಏರುವುದನ್ನು ಮೊದಲೇ ಹೇಳುತ್ತಾಳೆ ಅನ್ನುವುದು ಜೋಕು. ಎಳೆತವೇ ಜೋಕಾಗಿದ್ದರೆ ಕಾರವಾರದಲ್ಲಿ ತೋರಿಸುವ ದಿನ ನೀವೇ ಕೂರಲಾರಿರಿ. ಗ್ಯಾದರಿಂಗಿನ ಒಳಜೋಕಿಗೂ ಇದೇ ಮಾತು: ನಿಮ್ಮ ಪ್ರಿನ್ಸಿಪಾಲರ ಕೆಮ್ಮು ಅಂಕೋಲೆಯವನಿಗೆ ಗೊತ್ತಿಲ್ಲ.

ಸಾಣಿಕಟ್ಟೆ ಉಪ್ಪು (ಕುಮಟಾ)

ಹಾಡಿನ ಬಗ್ಗೆ ಯಾರೂ ಹೇಳಲಿಲ್ಲ. ಸಿನೆಮಾ ಹಾಡಿನ ರಾಗಕ್ಕೆ ಬೇರೆ ಸಾಹಿತ್ಯ ಕೂರಿಸಿದ್ದು ಇದ್ದರೆ ತೆಗೆಯಿರಿ, ಯೂಟ್ಯೂಬು ರಾಗದಿಂದಲೇ ಹಿಡಿಯುತ್ತದೆ. ನಮ್ಮ 1957ರ ಕೃತಿಸ್ವಾಮ್ಯ ಕಾಯ್ದೆಯಲ್ಲಿ ಅಣಕಕ್ಕೆಂದು ಪ್ರತ್ಯೇಕ ವಿನಾಯಿತಿ ಬರೆದಿಲ್ಲ. ಪ್ರಸಂಗದ ಪದ ಹಾಗೇ ಬಳಸುವುದಿದ್ದರೆ ಕವಿ ತೀರಿ 60 ವರ್ಷ ಕಳೆದಿರಬೇಕು. ಹಳೆ ಪದ ಆದರೂ ಮೇಳದ ರೆಕಾರ್ಡಿಂಗ್ ಎತ್ತಿ ಹಾಕುವ ಹಾಗಿಲ್ಲ, ನಿಮ್ಮ ಭಾಗವತರಿಂದಲೇ ಹಾಡಿಸಿ, ಒಪ್ಪಿಗೆ ಬರೆಸಿಕೊಳ್ಳಿ. ಥಿಯೇಟರಿಗೆ ಹೋಗುವುದಾದರೆ ಸೆನ್ಸಾರ್ ಸರ್ಟಿಫಿಕೇಟು ಬೇಕೇ ಬೇಕು. ನಕಲಿ ಚಾನೆಲ್ಲಿಗೆ ನಿಜವಾದ ಚಾನೆಲ್ಲಿನ ಲೋಗೊ, ಬಣ್ಣ ಹೋಲಬಾರದು. ಡೀಸಿ ಆದೇಶದ ಕಾಗದವನ್ನು ಪೂರ್ತಿ ಪರದೆಗೆ ತೋರಿಸಬೇಡಿ, ಜೂನ್ ತಿಂಗಳಲ್ಲಿ ಯಾರಾದರೂ ಸ್ಕ್ರೀನ್‌ಶಾಟ್ ತೆಗೆದು ಪೋಷಕರ ವಾಟ್ಸಾಪ್ ಗುಂಪಿಗೆ ಬಿಟ್ಟರೆ ನಿಮ್ಮ ಕೊರಳಿಗೆ ಬರುತ್ತದೆ.

ಅಪ್ಪೆಮಿಡಿ (ಶಿರಸಿ)

ಎಲ್ಲರಿಗೂ ಧನ್ಯವಾದ ಮಾರಾಯ್ರೆ. "ರಜೆ" ಏಳು ಚೂರು ಮಾಡಿ ನೋಡಿದೆವು, ಕೂರುತ್ತದೆ. "ಮಾಣಿ ಟೆಂಡರ್" 3 ನಿಮಿಷ 50 ಸೆಕೆಂಡಿಗೆ ಬಂತು. ಈಗ ಎರಡು ಅನುಮಾನ. ಯಾವ ಮಾತು ಉಳಿಸುವುದು ಯಾವುದು ಕತ್ತರಿಸುವುದು ಎಂದು ಆರು ಜನಕ್ಕೆ ಆರು ಅಭಿಪ್ರಾಯ. ಇನ್ನೊಂದು, "ಅಡ್ಡಿಲ್ಲೆ" (ಪರವಾಗಿಲ್ಲ) ಎನ್ನುವ ಅಜ್ಜನೊಬ್ಬ ಎಲ್ಲ ಸ್ಕೆಚ್ಚಿನಲ್ಲೂ ಹಿನ್ನೆಲೆಯಲ್ಲಿ ಬರುತ್ತಾನೆ. ಹನ್ನೊಂದು ಸಲ ಆಯಿತು. ಹೆಚ್ಚಾಯಿತೋ?

ಚಂಡೆಪೆಟ್ಟು (ಯಲ್ಲಾಪುರ)

ಅಭಿಪ್ರಾಯ ಕೇಳಬೇಡ ತಮಾ, ಅಳೆ. ಮುಂದಿನ ಸಲ ತೋರಿಸುವಾಗ ಪರದೆಯ ಕೆಳಗೆ ಒಂದು ಮೊಬೈಲನ್ನು ಜನರ ಕಡೆ ಮುಖ ಮಾಡಿ ರೆಕಾರ್ಡಿಗೆ ಇಡು. ಸಿನೆಮಾದ ಮೊದಲ ಫ್ರೇಮಿಗೆ ಒಂದು ಬೀಪ್ ಹಾಕಿರು. ಆಮೇಲೆ ಆ ರೆಕಾರ್ಡಿಂಗನ್ನು ಎಡಿಟ್ ಟೈಮ್‌ಲೈನಿನ ಕೆಳಗೆ ಬೀಪಿಗೆ ಬೀಪ್ ಹೊಂದಿಸಿ ಕೂರಿಸಿದರೆ ನಗು ಎಲ್ಲಿ ಎದ್ದಿತು, ಎಷ್ಟು ಸೆಕೆಂಡು ನಿಂತಿತು ಎಂಬುದು ಅಲೆಯ ಗೆರೆಯಲ್ಲೇ ಕಾಣುತ್ತದೆ. ಎರಡು ಬೇರೆ ಬೇರೆ ಗುಂಪಿಗೆ ತೋರಿಸು, ಒಂದರಲ್ಲಿ ನಿಮ್ಮ ಸ್ನೇಹಿತರು ಯಾರೂ ಇರಬಾರದು. ಎರಡರಲ್ಲೂ ಗೆರೆ ಚಪ್ಪಟೆ ಇದ್ದ ಮಾತು ಹೋಗಲಿ, ಬರೆದವ ಎಷ್ಟೇ ಅತ್ತರೂ. ನಗು ಮುಂದಿನ ಮಾತನ್ನು ನುಂಗಿದ್ದರೆ ಅಲ್ಲಿ ಖಾಲಿ ಜಾಗ ಬಿಡಬೇಡ, ಮನೆಯಲ್ಲಿ ಒಬ್ಬನೇ ನೋಡುವವನಿಗೆ ಅದು ತೂತಾಗಿ ಕಾಣುತ್ತದೆ. ಕೇಳುವವನ ಮುಖದ ಶಾಟು ಒಂದೂವರೆ ಸೆಕೆಂಡು ಸೇರಿಸು. ಇದಕ್ಕೇ ಬೈತಖೋಲ್‌ನವರು ಹೇಳಿದ ಆ ಮುಖಗಳನ್ನು ಹೆಚ್ಚುವರಿ ತೆಗೆದಿಟ್ಟುಕೊಂಡಿರಬೇಕು.

ಅಜ್ಜ ಹನ್ನೊಂದು ಸಲ ಹೆಚ್ಚು. ಮೂರನೆಯ ಸಲಕ್ಕೆ ಗುರುತಾಗುತ್ತಾನೆ, ಆರನೆಯ ಸಲಕ್ಕೆ ಜನ ಅವನನ್ನೇ ಹುಡುಕಲು ಶುರುಮಾಡಿ ಮುಂದಿನ ಜೋಕು ತಪ್ಪಿಸಿಕೊಳ್ಳುತ್ತಾರೆ. ಸಣ್ಣ ತುಣುಕುಗಳಲ್ಲಿ ಮೂರು ಕಡೆ ಇಡು. ಬಸ್ಸಿನ ಉದ್ದ ತುಣುಕಿನಲ್ಲಿ ಕೊನೆಯವರೆಗೆ ಕಾಣುವುದೇ ಬೇಡ. ಯುದ್ಧ ಮುಗಿದು ಇಬ್ಬರೂ ಸೋತು ಕೂತಾಗ ಕಿಟಕಿ ಸೀಟಿನಲ್ಲಿ ಅಜ್ಜ ಮೊದಲಿಂದಲೂ ಕೂತಿದ್ದ ಎಂದು ಗೊತ್ತಾಗಲಿ, ಆಗ ಒಂದು ಸಲ ಹೇಳಲಿ.

ಬೈತಖೋಲ್ ಬೋಟು (ಕಾರವಾರ)

ಹಾಗಾದರೆ ಆ ಸೀಟಿನ ಮೇಲೆ ಶುರುವಿನಿಂದಲೂ ಬೆಳಕು ಬೀಳದ ಹಾಗೆ ನೋಡಿಕೊಳ್ಳಿ. ಅಲ್ಲಿ ಸೋಗೆ ಹಿಡಿದವನು ಕದಲಬಾರದು. ಅಜ್ಜನೂ ಉಳಿದವರ ಜೊತೆ ಓಲಬೇಕು, ಕತ್ತಲಲ್ಲಿದ್ದರೂ.